ತಡೆಯುವವರಿಲ್ಲದ ದಂಡೆ

ಸರ್ಕಾರಕ್ಕೆ ವಯಸ್ಸಾಗುವುದಿಲ್ಲ, ಮನುಷ್ಯನಿಗೆ ಆಗುತ್ತದೆ. ಇಷ್ಟು ಚಿಕ್ಕ ಸಂಗತಿ ಹೊಳೆಯದೆ ಪೂವಪ್ಪ ಮಂಗಳೂರಿನ ಕೋರ್ಟಿನ ಮೆಟ್ಟಿಲು ಹತ್ತಿದ್ದ.

ಯುದ್ಧ ಶುರುವಾದ ಮೇಲೆ ಸರ್ಕಾರದವರು ನದಿಯಾಚೆಯ ಕಡಲದಂಡೆಗೆ ಬೇಲಿ ಹಾಕಿ, ಇನ್ನು ಇಲ್ಲಿ ಬಲೆ ಎಳೆಯಕೂಡದು ಎಂದರು. ಪೂವಪ್ಪ ಅಲ್ಲಿನ ರಂಪಣಿಯ ಯಜಮಾನ. ರಂಪಣಿಯೆಂದರೆ ಒಬ್ಬರ ಬಲೆಯಲ್ಲ. ಮನೆಗೊಂದು ತುಂಡು ಹೆಣೆದು, ಎಲ್ಲವನ್ನೂ ಸೇರಿಸಿ ಕಟ್ಟಿ, ಊರಿಗೆ ಊರೇ ದಡದಲ್ಲಿ ನಿಂತು ಎಳೆಯುವ ದೊಡ್ಡ ಬಲೆ. ಬಿಟ್ಟು ಹೋಗುವವನು ತನ್ನ ತುಂಡು ಬಿಚ್ಚಿಕೊಂಡು ಹೋಗಬಹುದು, ಅದು ರೂಢಿ.

ಕೊಡಿಯಾಲ್‌ಬೈಲಿನ ವಕೀಲ ಸುಂದರ ಶೆಟ್ಟರು ದಾವೆ ಹಾಕಿ, "ನೀನು ಮಾತ್ರ ಊರು ಬಿಡಬೇಡ ಪೂವಪ್ಪ. ನೀನು ಹೋದರೆ ದಾವೆಯೂ ಹೋಗ್ತದೆ" ಎಂದರು. ಅವನು ಬಿಡಲಿಲ್ಲ. ವಾಯಿದೆಯ ಮೇಲೆ ವಾಯಿದೆ ಬಿತ್ತು. ಒಮ್ಮೆ ಸರ್ಕಾರಿ ವಕೀಲರಿಗೆ ಜ್ವರ, ಒಮ್ಮೆ ಜಡ್ಜರಿಗೆ ವರ್ಗ, ಮತ್ತೊಮ್ಮೆ ಮದರಾಸಿನಿಂದ ಕಾಗದ ಬಂದಿಲ್ಲ. ಹೊಟ್ಟೆಗೆ ವಾಯಿದೆ ಕೊಡುವ ಕೋರ್ಟು ಎಲ್ಲಿಯೂ ಇಲ್ಲವಲ್ಲ! ಒಂದೊಂದೇ ಮನೆಯವರು ತಮ್ಮ ತುಂಡು ಬಿಚ್ಚಿಕೊಂಡು ಉತ್ತರದ ಊರುಗಳ ರಂಪಣಿ ಸೇರಿದರು. ಕೊನೆಗೆ ಹೊರಟವನು ಸೋದರಳಿಯ ಬೂಬ.

"ಮಾವ, ಈ ದಂಡೆ ನಮ್ಮದು ಅಂತ ಜಡ್ಜರು ಒಂದು ಮಾತು ಹೇಳಲಿ, ಎಲ್ಲರೂ ವಾಪಸು ಬರ್ತೇವೆ. ಬರೀ ಬೇಲಿ ತೆಗೆದರೆ ಎಂತ ಪ್ರಯೋಜನ? ನಾಳೆ ಮತ್ತೊಬ್ಬ ದೊರೆ ಬಂದು ಹಾಕ್ತಾನೆ."

ಆ ಒಂದು ಮಾತಿಗಾಗಿ ಪೂವಪ್ಪ ಕಾದ. ಹೆಂಡತಿ ಅಕ್ಕು ಮೊದಲೇ ತೀರಿಹೋಗಿದ್ದಳು. ಖಾಲಿ ಮನೆಗಳ ನಡುವೆ ಒಬ್ಬನೇ ಗಂಜಿ ಬೇಯಿಸಿಕೊಂಡ. ಬೈದಾಡಲಿಕ್ಕಾದರೂ ಒಬ್ಬರು ಇರಬಾರದಿತ್ತೇ ಎನಿಸುತ್ತಿತ್ತು. ಯುದ್ಧ ಮುಗಿಯಿತು. ಸರ್ಕಾರದವರು ಬೇಲಿ ಕಿತ್ತುಕೊಂಡು ಹೋದರು. ಊಟ ಮುಗಿದ ಮೇಲೆ ಎಲೆ ಹಾಕಿದ ಹಾಗೆ, ಆಮೇಲೆ ದಾವೆ ವಿಚಾರಣೆಗೆ ಬಂತು.

ಜಡ್ಜರು ಇಂಗ್ಲಿಷಿನಲ್ಲಿ ಏನೋ ಹೇಳಿ ಮುಂದಿನ ದಾವೆ ಕೂಗಿಸಿದರು. ಇನ್ನೂ ಕೈಮುಗಿದೇ ನಿಂತಿದ್ದ ಪೂವಪ್ಪನನ್ನು ಶೆಟ್ಟರು ಹೊರಗೆ ಕರೆತಂದರು.

"ಬೇಲಿಯೇ ಇಲ್ಲವಲ್ಲ, ಇನ್ನು ತೀರ್ಪು ಎಂತದಕ್ಕೆ ಅಂತ ದಾವೆ ವಜಾ ಮಾಡಿದ್ರು."

"ದಂಡೆ ಯಾರದ್ದು ಅಂತ ಹೇಳಿದ್ರಾ ಧನಿ?"

"ಅದನ್ನು ನೋಡುವ ಅಗತ್ಯವೇ ಇಲ್ಲವಂತೆ. ನೀನೀಗ ಬಲೆ ಎಳೆಯಬಹುದಲ್ಲ ಮಾರಾಯ, ತಡೆಯುವವರು ಯಾರುಂಟು?"

"ಎಳೆಯುವವರು ಯಾರುಂಟು ಧನಿ?"

ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎನ್ನುತ್ತಾರೆ. ಪೂವಪ್ಪ ಗೆಲ್ಲಲೂ ಇಲ್ಲ, ಸೋಲಲೂ ಇಲ್ಲ.

ಸಂಜೆ ನದಿ ದಾಟಿ ದಂಡೆಗೆ ಬಂದಾಗ ಕಡಲು ಶಾಂತವಾಗಿತ್ತು. ಒಂದು ಕಡೆ ಮಾತ್ರ ನೀರು ಕಪ್ಪಾಗಿ ಕದಡುತ್ತಿತ್ತು. ಬಂಗುಡೆ ಮೀನಿನ ಹಿಂಡು, ದಡಕ್ಕೆ ಇಷ್ಟು ಹತ್ತಿರ! ಅವನು ಹೆಗಲ ಬೈರಾಸು ಬೀಸಿ, ಮನೆಗಳ ಕಡೆ ತಿರುಗಿ, ಗಂಟಲು ಹರಿಯುವಂತೆ ಕೂಗಿದ: "ಬಂಗುಡೆ! ಓಡಿ ಬನ್ನಿ, ಬಂಗುಡೆ!"

ಕೂಗಿದ ಮೇಲೆ ನೆನಪಾಯಿತು.

ಹಿಂಡು ಸ್ವಲ್ಪ ಹೊತ್ತು ಅಲ್ಲೇ ಸುತ್ತಿ, ಉತ್ತರಕ್ಕೆ ತಿರುಗಿತು. ಬೂಬನಿಗಾದರೂ ಸಿಗಲಿ ಎಂದುಕೊಂಡು ಪೂವಪ್ಪ ಮರಳ ಮೇಲೆ ಕೂತು ಅತ್ತ.