ಹಾಸ್ಟೆಲ್ ಅಂದುಕೊಂಡಿದ್ದರು

ಅಣ್ಣಪ್ಪ ಗೇಟಿನ ಸರಳುಗಳನ್ನು ಎರಡೂ ಕೈಯಲ್ಲಿ ಹಿಡಿದು ಅಲ್ಲಾಡಿಸುತ್ತಿದ್ದ. ಮಕ್ಕಳ ಹೋಮಿನ ಸೂಪರಿಂಟೆಂಡೆಂಟ್ ಮೇಡಂ ಶಾಲು ಹೊದ್ದು ಹೊರಬಂದಳು. ತನ್ನ ಹರಕು ಹಿಂದಿಯಲ್ಲಿ ಅವನು ಹೇಳಿದ: ತಂಗಿ ರಾಜಲಕ್ಷ್ಮಿ ಬೆಳಿಗ್ಗೆ ತೀರಿಕೊಂಡಳು, ಹೆಣ ಸಾಲ್ಟ್ ಲೇಕಿನ ಮೆಸ್ಸಿನಲ್ಲಿದೆ, ಇಲ್ಲಿರುವ ಅವಳ ಮಗಳು ಶ್ರೇಯಾ ಬಂದು ಬಾಯಿಗೆ ನೀರು ಬಿಡಬೇಕು, ಸುಡುವ ಮುಂಚೆಯೇ ಮಗುವನ್ನು ವಾಪಸ್ ತಂದು ಬಿಡುತ್ತೇನೆ.

ಮೇಡಂಗೆ ಬಹಳ ದುಃಖವಾಯಿತಂತೆ. ಆದರೆ ಮಗುವನ್ನು ಹೊರಗೆ ಕಳಿಸಲು ಮಕ್ಕಳ ಕಲ್ಯಾಣ ಸಮಿತಿಯ ಆದೇಶ ಬೇಕು. ಸಮಿತಿ ಕೂರುವುದು ಶುಕ್ರವಾರ. ಅಂದು ಬುಧವಾರ.

"ಶುಕ್ರವಾರದ ತನಕ ಹೆಣವನ್ನು ನಿಮ್ಮ ಫ್ರಿಜ್ಜಿನಲ್ಲಿ ಇಟ್ಟುಕೊಳ್ತೀರಾ?"

"ನೋಡಿ, ಕಾಗದದ ಪ್ರಕಾರ ಆಕೆ ಈಗ ತಾಯಿಯೇ ಅಲ್ಲ," ಎಂದು ಮೇಡಂ ಮೆಲ್ಲಗೆ ಹೇಳಿದಳು. ಆ ಮೆಲುದನಿಗೇ ಅವನ ಮೈ ಉರಿದುಹೋಯಿತು.

*

ಆ ಕಾಗದಕ್ಕೆ ಸಾಕ್ಷಿ ಸಹಿ ಹಾಕಿದವನೇ ಅಣ್ಣಪ್ಪ.

ಎರಡು ವರ್ಷದ ಹಿಂದೆ ತಂಗಿ ರಾಜಿಗೆ ಕ್ಷಯ ಅಂಟಿತ್ತು. ಗಂಡ ಎಂದೋ ಓಡಿಹೋಗಿದ್ದ. ಕಂಪ್ಯೂಟರ್ ಕಂಪನಿಗಳಿಗೆ ಊಟ ಕಳಿಸುವ ವಿಷ್ಣುಮೂರ್ತಿಯ ಮೆಸ್ಸಿನಲ್ಲಿ ಅವಳು ಅಡುಗೆಯವಳು. ಆರು ತಿಂಗಳು ಆಸ್ಪತ್ರೆಯಲ್ಲಿರಬೇಕು, ಮಗು ಹತ್ತಿರ ಸುಳಿಯಬಾರದು ಎಂದರು ಡಾಕ್ಟರು. ಅಣ್ಣಪ್ಪ ಖಿದಿರ್‌ಪುರದ ಹಡಗುಕಟ್ಟೆಯ ಕ್ಯಾಂಟೀನಿನವನು, ಎಂಟು ಗಂಡಸರ ಜೊತೆ ಒಂದೇ ಕೋಣೆಯಲ್ಲಿ ಮಲಗುವವನು. ಯಾರೋ ಈ ಹೋಮ್ ತೋರಿಸಿದರು.

ಅಣ್ಣ ತಂಗಿ ಅದನ್ನು ಹಾಸ್ಟೆಲ್ ಅಂದುಕೊಂಡರು. ಊರಿನಲ್ಲಿ ಅಣ್ಣಪ್ಪ ಹಾಸ್ಟೆಲಿನಲ್ಲಿದ್ದೇ ಓದಿದವನು. ಅಪ್ಪ ಹೆಬ್ಬೆಟ್ಟು ಒತ್ತಿ ಬಿಟ್ಟುಹೋಗುತ್ತಿದ್ದ, ದಸರಾ ರಜೆಗೆ ಬಂದು ಕರೆದೊಯ್ಯುತ್ತಿದ್ದ. ಅದೇ ಲೆಕ್ಕದಲ್ಲಿ ರಾಜಿ ಇಂಗ್ಲಿಷ್ ಕಾಗದದ ಮೇಲೆ ಮೂರು ಕಡೆ ಸಹಿ ಹಾಕಿದಳು. ಹೆಸರು ಹೊಲಿದ ಬೆಡ್‌ಶೀಟು, ಬೀಗವಿದ್ದ ಟ್ರಂಕು ಕೊಟ್ಟಳು. ಟ್ರಂಕು ಕಂಡು ಗುಮಾಸ್ತ ನಕ್ಕ. ಯಾಕೆ ನಕ್ಕನೆಂದು ಇವರಿಗೆ ತಿಳಿಯಲಿಲ್ಲ.

ದುರ್ಗಾಪೂಜೆಯ ರಜೆಗೆ ಕರೆತರಲು ಹೋದಾಗ ತಿಳಿಯಿತು. ಆ ಕಾಗದದ ಪ್ರಕಾರ ಶ್ರೇಯಾ ತಾಯಿಯೇ ಶಾಶ್ವತವಾಗಿ ಬಿಟ್ಟುಕೊಟ್ಟ ಮಗುವಂತೆ. ಮನಸ್ಸು ಬದಲಿಸಲು ಅರವತ್ತು ದಿನ ಕೊಟ್ಟಿದ್ದರಂತೆ, ತಾಯಿ ಬರಲಿಲ್ಲವಂತೆ. ಆ ಅರವತ್ತು ದಿನವೂ ಅವಳು ಆಸ್ಪತ್ರೆಯ ಮಂಚದಲ್ಲಿ ರಕ್ತ ಕೆಮ್ಮುತ್ತಿದ್ದಳು. ಆಮೇಲೆ ಕಚೇರಿಯಿಂದ ಕಚೇರಿಗೆ ಅಲೆದಳು. ಯಾವ ಮೇಜಿನವನೂ ಅವಳಿಗೆ ಕುರ್ಚಿ ತೋರಿಸಲಿಲ್ಲ. ಹಾಗೆ ಅಲೆಯುತ್ತಿರುವಾಗಲೇ ಕ್ಷಯ ಮರುಕಳಿಸಿತು.

*

ಅಣ್ಣಪ್ಪ ಒಬ್ಬನೇ ಮರಳಿದಾಗ ಮೆಸ್ಸಿನವರು ಹೆಣವನ್ನು ಗಾಡಿಗೆ ಏರಿಸಿಯಾಗಿತ್ತು. ಮಧ್ಯಾಹ್ನ ಒಂದು ಗಂಟೆಗೆ ಇನ್ನೂರು ಊಟ ಹೋಗಬೇಕೆಂದು ವಿಷ್ಣುಮೂರ್ತಿ ಚಡಪಡಿಸುತ್ತಿದ್ದ.

"ಎಂತ ಮಾಡುದು ಮಾರಾಯ, ಕಾನೂನು. ನೀನೇ ನೀರು ಬಿಡು, ಹೊರಡುವ."

"ಸಹಿ ಹಾಕಿದ ಕೈಯಲ್ಲಿ ಬಿಡುದಿಲ್ಲ ಧಣಿ. ಗಾಡಿ ಟಾಲಿಗಂಜಿಗೆ ತಿರುಗಿಸಿ."

"ಹೆಣ ತಕೊಂಡು ಹೋಮಿಗಾ? ಹುಚ್ಚಾ ನಿಂಗೆ?"

ರಾಜಿಯ ಜೊತೆ ಹತ್ತು ವರ್ಷ ಹಿಟ್ಟು ರುಬ್ಬಿದ ಅಂಬುಜಾ ಆಗಲೇ ಗಾಡಿ ಹತ್ತಿದ್ದಳು. "ಹೋಗುವ ಧಣಿ. ಒಂದು ದಿನ ಬ್ರೆಡ್ ತಿಂದ್ರೆ ಕಂಪ್ಯೂಟರಿನವ್ರು ಸಾಯುದಿಲ್ಲ."

ಗೇಟಿನೆದುರು ಹೆಣ ಇಳಿಸಿದಾಗ ರಸ್ತೆಯಾಚೆಯ ಚಹಾದಂಗಡಿಯವರೆಲ್ಲ ಎದ್ದು ಬಂದರು. ಪೊಲೀಸರನ್ನು ಕರೆಯುತ್ತೇನೆ ಎಂದಳು ಮೇಡಂ.

"ಕರೆಯಿರಿ. ಹೊರಗೆ ಕಳಿಸಲಿಕ್ಕಲ್ವಾ ಆದೇಶ ಬೇಕು? ಕಳಿಸಬೇಡಿ. ಅವಳು ಒಳಗೇ ನಿಲ್ಲಲಿ," ಎಂದ ಅಣ್ಣಪ್ಪ.

ಚಹಾದಂಗಡಿಯ ಮುದುಕನೊಬ್ಬ ಬಂಗಾಳಿಯಲ್ಲಿ ಮೇಡಂಗೆ ಏನೋ ಬೈದ. ನೆರೆದವರೆಲ್ಲ ದನಿಗೂಡಿಸಿದರು. ಮೇಡಂ ಒಳಹೋದಳು. ಸ್ವಲ್ಪ ಹೊತ್ತಿಗೆ ಶ್ರೇಯಾ ಬಂದಳು, ಒಂಬತ್ತು ವರ್ಷದವಳು, ನೀಲಿ ಫ್ರಾಕಿನಲ್ಲಿ. ಅಳಲಿಲ್ಲ.

"ಅಮ್ಮನ ತಲೆ ಬಾಚಿದ್ದು ಯಾರು?" ಎಂದು ಬಂಗಾಳಿಯಲ್ಲಿ ಕೇಳಿದಳು.

"ನಾನೇ ಮಗಾ," ಎಂದಳು ಅಂಬುಜಾ.

ಅಣ್ಣಪ್ಪ ನೀರಿನ ಚಮಚ ಶ್ರೇಯಾಳ ಕೈಗಿಟ್ಟ. ಅವಳು ಸರಳುಗಳ ನಡುವೆ ಕೈ ತೂರಿಸಿದಳು. ಭುಜ ಸಿಕ್ಕಿಕೊಂಡಿತು, ಕೈ ಎಟುಕಲಿಲ್ಲ. ಬೀಗ ತೆಗೆ ಎಂದು ಜನ ಕಾವಲಿನವನ ಮೇಲೆ ಕೂಗಿದರು. ಅವನು ನೆಲ ನೋಡುತ್ತ ನಿಂತ. ಕೊನೆಗೆ ಅಣ್ಣಪ್ಪ, ವಿಷ್ಣುಮೂರ್ತಿ ಮತ್ತೆ ಇಬ್ಬರು ಚಟ್ಟವನ್ನು ಎತ್ತಿ, ನಿಲ್ಲಿಸಿದಂತೆ ಓರೆ ಮಾಡಿ, ರಾಜಿಯ ಮುಖವನ್ನು ಕಬ್ಬಿಣಕ್ಕೆ ಒತ್ತಿ ಹಿಡಿದರು. ಅವಳ ಹಣೆಯ ಕುಂಕುಮ ಸರಳಿಗೆ ಮೆತ್ತಿತು.