ಹತ್ತೊಂಬತ್ತು ಡಿಗ್ರಿ

ಶಾಸನಸಭೆಯಲ್ಲಿ ಬೆಚ್ಚಗೆ ಕೂತವರು ಒಂದು ಕಾಯ್ದೆ ಮಾಡಿದ್ದರು. ಚಳಿಗಾಲದಲ್ಲಿ ಹದಿನೈದು ಡಿಗ್ರಿಗಿಂತ ಕೆಳಗಿಳಿಯುವ ಮನೆಗಳ ಗೋಡೆಗೆ ಸರ್ಕಾರವೇ ಚಳಿ ತಡೆಯುವ ಒಳಹೊದಿಕೆ ಹಾಕಿಸಿ, ಹೀಟರ್ ಕೂರಿಸಿ, ಉರುವಲಿನ ಅರ್ಧ ಖರ್ಚು ಹೊರಬೇಕು. ಒಳ್ಳೆಯ ಕಾಯ್ದೆಯೇ. ಆದರೆ ಅಳತೆ ಒಂದೇ ಸಲ, ಅದೂ ಮೊದಲೇ ತಿಳಿಸಿದ ದಿನ. ಯಂತ್ರ ತೋರಿಸಿದ್ದೇ ಅಂತಿಮ. ಅಲ್ಲಿ ತಪ್ಪಿದರೆ ಮತ್ತೆ ಅರ್ಜಿ ಹಾಕಲು ಎರಡು ವರ್ಷ ಕಾಯಬೇಕು. ಇದನ್ನು ಬರೆದ ಪುಣ್ಯಾತ್ಮರು ಬಡವರ ಮನೆಗೆ ಒಂದು ದಿನವೂ ಹೋಗಿ ಕೂತವರಲ್ಲ.

ದರ್ಜಿಯ ಮನೆ ಹಳೆಯ ಕಟ್ಟಡದ ಎರಡನೆಯ ಮಹಡಿಯಲ್ಲಿತ್ತು. ಇದ್ದದ್ದು ಒಂದೇ ಕೋಣೆ, ಗೋಡೆ ಮುಟ್ಟಿದರೆ ಕೈಗೆ ಪಸೆ ಹತ್ತುತ್ತಿತ್ತು. ಬೆರಳ ತುದಿ ಕತ್ತರಿಸಿದ ಕೈಗವಸು ತೊಟ್ಟು ಅವಳು ಹೊಲಿಗೆಗೆ ಕೂರುತ್ತಿದ್ದಳು. ಅತ್ತೆಗೆ ಉಬ್ಬಸ. ಹೋದ ಚಳಿಗಾಲದಲ್ಲಿ ಎರಡು ಸಲ ಆಸ್ಪತ್ರೆ ಕಂಡು ಬಂದಾಗ, ಇಂಥ ಕೋಣೆಯಲ್ಲಿ ಇನ್ನೆರಡು ಚಳಿಗಾಲ ಕಳೆಯುವುದು ಅನುಮಾನವೆಂದು ಡಾಕ್ಟರು ಮುಚ್ಚುಮರೆಯಿಲ್ಲದೆ ಹೇಳಿದ್ದರು. ಅದಕ್ಕೇ ಅವಳು ಅರ್ಜಿ ಹಿಡಿದು ಕಚೇರಿಗೆ ಅಲೆದು ಚಪ್ಪಲಿ ಸವೆಸಿದ್ದು. ಗೋಡೆಯ ಮೇಲಿನ ಉಷ್ಣಮಾಪಕ ದಿನಾ ಬೆಳಿಗ್ಗೆ ಹನ್ನೊಂದು ತೋರಿಸುತ್ತಿತ್ತು. ಹನ್ನೊಂದು ನೋಡಿ ಖುಷಿಪಟ್ಟ ಹೆಂಗಸು ಲೋಕದಲ್ಲಿ ಇವಳೊಬ್ಬಳೇ ಇರಬೇಕು.

ಇನ್ಸ್‌ಪೆಕ್ಟರು ಅಳತೆಗೆ ಬರುವ ದಿನ ಅವಳು ಹೊಲಿದ ಬಟ್ಟೆ ತಲುಪಿಸಲು ಹೋಗಿದ್ದಳು. ವಾಪಸು ಬಂದು ಬಾಗಿಲು ತೆರೆದರೆ ಮುಖಕ್ಕೆ ಬಿಸಿ ಗಾಳಿ ಹೊಡೆಯಿತು. ಅತ್ತೆ ಒಂದು ವಾರದ ಸೀಮೆಎಣ್ಣೆಯನ್ನೆಲ್ಲ ಸ್ಟೌಗೆ ಸುರಿದು ಬೆಳಿಗ್ಗೆಯಿಂದ ಉರಿಸಿದ್ದಳು. ಇನ್ಸ್‌ಪೆಕ್ಟರು ಕೋಟು ಬಿಚ್ಚಿಟ್ಟು ಚಹಾ ಕುಡಿಯುತ್ತಿದ್ದರು. ಮೇಜಿನ ಮೇಲಿದ್ದ ಯಂತ್ರ ಹತ್ತೊಂಬತ್ತು ತೋರಿಸುತ್ತಿತ್ತು.

"ಮನೆಗೆ ಬಂದೋರನ್ನ ಚಳೀಲಿ ಕೂರಿಸೋಕಾಗತ್ತಾ?" ಎಂದಳು ಅತ್ತೆ, ಹೆಮ್ಮೆಯಿಂದ.

ದರ್ಜಿ ಇನ್ಸ್‌ಪೆಕ್ಟರ ಕಡೆ ತಿರುಗಿದಳು. ಕಿಟಕಿ ತೆಗೆಯುತ್ತೇನೆ, ಅರ್ಧ ಗಂಟೆ ಕೂತು ಮತ್ತೆ ಅಳೆಯಿರಿ ಎಂದು ಅಂಗಲಾಚಿದಳು. ಗುಂಡಿ ಒತ್ತಿಯಾಗಿದೆ, ಅಂಕಿ ಆಗಲೇ ಕಚೇರಿ ಸೇರಿದೆ ಎಂದರು ಅವರು.

"ಗೋಡೆ ನೋಡಿದ್ರೇ ನಂಗೆ ಗೊತ್ತಾಗತ್ತಮ್ಮ. ಆದ್ರೆ ಗೋಡೆ ಬಗ್ಗೆ ಬರೆಯೋಕೆ ಫಾರಂನಲ್ಲಿ ಜಾಗ ಇಲ್ಲ."

"ಹಾಗಾದ್ರೆ ನೀವ್ಯಾಕೆ ಬಂದ್ರಿ? ಆ ಯಂತ್ರನೊಂದನ್ನೇ ಕಳಿಸಿದ್ರೆ ಸಾಕಿತ್ತಲ್ಲ."

ಅವರು ತಲೆ ತಗ್ಗಿಸಿ ಹೊರಟರು. ಮುಂದಿನ ಅಳತೆ ಮೇಲಿನ ಮಹಡಿಯಲ್ಲಿ. ಬೈಯುವುದು ಇನ್ನೂ ಬಾಕಿಯಿತ್ತು, ಅವಳು ಬೆನ್ನಿಗೇ ಹೊರಟಳು. ಮೆಟ್ಟಿಲ ತುಂಬ ಸೀಮೆಎಣ್ಣೆಯ ವಾಸನೆ. ಅವಳಿಗೆ ತಟ್ಟನೆ ಹೊಳೆಯಿತು: ಇಡೀ ಕಟ್ಟಡ ಅತಿಥಿಗಾಗಿ ಬೆಚ್ಚಗಾಗಿ ಕೂತಿದೆ.

ಇನ್ಸ್‌ಪೆಕ್ಟರನ್ನು ಪಕ್ಕಕ್ಕೆ ತಳ್ಳಿ ಅವಳು ಮೇಲಕ್ಕೆ ಓಡಿದಳು. ಮೊದಲ ಮನೆಯ ನಿವೃತ್ತ ಕಂಡಕ್ಟರು ಇಸ್ತ್ರಿ ಅಂಗಿ ತೊಟ್ಟು, ಬೆಚ್ಚನೆಯ ಮನೆಯ ಬಾಗಿಲಲ್ಲಿ ನಗುತ್ತ ನಿಂತಿದ್ದರು. ಅವರಿಗೆ ವಿವರಿಸುವ ತಾಳ್ಮೆ ಅವಳಿಗಿರಲಿಲ್ಲ. ಒಳನುಗ್ಗಿ ಸ್ಟೌ ಆರಿಸಿದಳು, ಕಿಟಕಿ ತೆರೆದಳು, ಮುಂದಿನ ಬಾಗಿಲು ಬಡಿದಳು.

"ಎಲ್ಲಾ ಆರಿಸಿ. ನಡುಗ್ತಾ ಕೂತ್ಕೊಳ್ಳಿ. ಮರ್ಯಾದೆ ಆಮೇಲೆ ನೋಡ್ಕೊಳ್ಳೋಣ."

ಇನ್ಸ್‌ಪೆಕ್ಟರು ಮೆಟ್ಟಿಲ ಮೇಲೆ ಕೂತು ಬೂಟಿನ ಲೇಸು ಬಿಚ್ಚಿದರು, ಕಟ್ಟಿದರು, ಮತ್ತೆ ಬಿಚ್ಚಿದರು. ಹೀಗೆ ಮುಕ್ಕಾಲು ಗಂಟೆ. ಈ ಬುದ್ಧಿ ಇವರಿಗೆ ತನ್ನ ಮನೆಯಲ್ಲಿ ಗುಂಡಿ ಒತ್ತುವ ಮುಂಚೆ ಬರಬಾರದಿತ್ತೇ ಎಂದು ಅವಳ ಹೊಟ್ಟೆ ಉರಿಯಿತು. ಮೇಲಿನ ಆರೂ ಮನೆಗಳು ಪಾಸಾದವು.

ಕೆಳಗಿಳಿದಾಗ ಅತ್ತೆಗೆ ಎಲ್ಲ ತಿಳಿದಿತ್ತು. ಮುದುಡಿ ಕೂತಿದ್ದಳು. ಬೈಗುಳ ದರ್ಜಿಯ ನಾಲಿಗೆ ತುದಿಯವರೆಗೆ ಬಂದಿತ್ತು.

"ಎಣ್ಣೆ ಮುಗಿಯೋವರೆಗಾದ್ರೂ ಇಲ್ಲಿ ಬಂದು ಕೂತ್ಕೊಳೇ," ಎಂದಳು ಅತ್ತೆ.

ಅವಳು ಕೂತಳು. ಆಗ ಗಮನಕ್ಕೆ ಬಂತು: ಅತ್ತೆಯ ಎದೆಯಲ್ಲಿ ಸಿಳ್ಳೆಯ ಸದ್ದಿರಲಿಲ್ಲ. ನಾಲ್ಕು ತಿಂಗಳಲ್ಲಿ ಮೊದಲ ಬಾರಿಗೆ ಮುದುಕಿ ಎಲ್ಲರಂತೆ ಉಸಿರಾಡುತ್ತಿದ್ದಳು. ಇಷ್ಟು ಬೆಚ್ಚಗಿದ್ದರೆ ಸಾಕಿತ್ತು ಅತ್ತೆಗೆ, ಇಷ್ಟೇ. ಸ್ಟೌನ ಉರಿ ಸಣ್ಣಗಾಗುವವರೆಗೂ ದರ್ಜಿ ಹಲ್ಲು ಕಚ್ಚಿಕೊಂಡು ಆ ಉಸಿರನ್ನೇ ಕೇಳುತ್ತ ಕೂತಿದ್ದಳು.