ಬೆಲ್ಲದ ಬಣ್ಣ

ಕಂಪ್ಯೂಟರಿನ ಪರದೆಯಲ್ಲಿ ನ್ಯಾಯಮೂರ್ತಿಗಳು ಕನ್ನಡಕ ತೆಗೆದು ಕಣ್ಣುಜ್ಜಿಕೊಂಡರು, ಅಷ್ಟು ದೊಡ್ಡವರಿಗೂ ಕಣ್ಣು ಉರಿಯುತ್ತದೆಯೇ, ಅಂಗೈಯಗಲದ ಚೌಕದೊಳಗಿನ ಆ ಮುಖ ಇರುವುದು ಬೆಂಗಳೂರಿನ ಹೈಕೋರ್ಟಿನಲ್ಲಿ, ತಾಹೇರಾ ಕೂತಿರುವುದು ಮದ್ದೂರಿನಲ್ಲಿ, ವಕೀಲ ಕೃಷ್ಣಪ್ರಸಾದರ ಆಫೀಸಿನ ಕುರ್ಚಿಯ ತುದಿಯಲ್ಲಿ, ಆದರೂ ಉಸಿರು ಜೋರಾಗಿ ಬಿಟ್ಟರೆ ಅವರಿಗೆ ತಟ್ಟೀತೇನೋ ಎಂದು ಸೆರಗು ಬಾಯಿಗೆ ಒತ್ತಿಕೊಂಡಳು — ಎರಡು ವರ್ಷ, ಎರಡು ವರ್ಷ ಈ ಮುಖಕ್ಕಾಗಿಯೇ ಕಾದದ್ದು, ಮಳವಳ್ಳಿಯ ಅಂಗಡಿಯಿಂದ ಅಧಿಕಾರಿಗಳು ಅವಳ ಕಂಪನಿಯ ಬೆಲ್ಲದ ಪುಡಿ ಎತ್ತಿಕೊಂಡು ಹೋದರು, ಬಟ್ಟೆಗೆ ಹಾಕುವ ಹಳದಿ ಬಣ್ಣ ಬೆರೆತಿದೆ, ತಿನ್ನಲು ಯೋಗ್ಯವಲ್ಲ ಎಂದು ಪ್ರಯೋಗಾಲಯ ಬರೆಯಿತು, ಕ್ರಿಮಿನಲ್ ಕೇಸು, ಆರೋಪಿ ನಂಬರ್ ಒಂದು ಕಂಪನಿ, ನಂಬರ್ ಎರಡು ತಾಹೇರಾ. ಕಂಪನಿ ಹೆಂಗಮ್ಮಾ ಕಟಕಟೇಲಿ ನಿಂತ್ಕತದೆ, ಎಂದು ಕೇಳಿದ್ದಳು ಮಗಳು ರುಮಾನಾ, ಅವಳ ಹೆಸರನ್ನೇ ಕಂಪನಿಗೆ ಇಟ್ಟದ್ದು, ಮಳವಳ್ಳಿ ಕೋರ್ಟಿನ ವರಾಂಡದಲ್ಲಿ ಪೇದೆ ರುಮಾನಾ, ರುಮಾನಾ, ರುಮಾನಾ ಎಂದು ಮೂರು ಸಲ ಕೂಗುವಾಗ ತಾಹೇರಾ ಎದೆ ಹಿಡಿದುಕೊಂಡು ಓಡುತ್ತಾಳೆ, ಬಂದೆ ಸ್ವಾಮಿ, ನಾನೇ ಕಂಪನಿ. ಶುಂಠಿ ಕುಟ್ಟಿ ಅದೇ ಬೆಲ್ಲ ಬೆರೆಸಿ ಬಾಣಂತಿ ರುಮಾನಾಳಿಗೆ ತಿನ್ನಿಸಿದ್ದಾಳೆ, ಬಣ್ಣ ಇದ್ದಿದ್ದರೆ ಹೆತ್ತವಳು ತಿನ್ನಿಸುತ್ತಿದ್ದಳೇ, ಕಂಡಕಂಡವರಿಗೆಲ್ಲ ಇದೊಂದೇ ಮಾತು, ನನ್ನ ಬೆಲ್ಲ ಶುದ್ಧ. ವಕೀಲರು ನಗುತ್ತಿದ್ದರು, ಶುದ್ಧವೋ ಅಶುದ್ಧವೋ ಅದು ಬೇಡಮ್ಮ, ಆ ವರದಿಯನ್ನ ಅವರು ನಿಮಗೆ ಕೊಡಲೇ ಇಲ್ಲ, ಕೊಟ್ಟಿದ್ದರೆ ಮೂವತ್ತು ದಿನದೊಳಗೆ ಇನ್ನೊಂದು ಕಡೆ ಪರೀಕ್ಷೆ ಮಾಡಿಸಿ ಅಂತ ಕೇಳಬಹುದಿತ್ತು, ಆ ಹಕ್ಕು ಹೋಯಿತು, ಅದೊಂದೇ ಎಳೆ ಸಾಕು, ಕೇಸು ಬಿದ್ದುಹೋಗುತ್ತೆ. ಒಂದು ಕಾಗದ ಬಾರದೆ ಹೋದದ್ದಕ್ಕೆ ಇಷ್ಟು ದೊಡ್ಡ ಸರ್ಕಾರ ತಲೆಬಾಗುತ್ತದೆಯೇ, ನೆನೆಸಿಕೊಂಡರೆ ಮೈ ಜುಂ ಎನ್ನುತ್ತದೆ, ಶಿವನಸಮುದ್ರದಲ್ಲಿ ಮೊದಲ ಸಲ ನೀರು ಬೀಳುವುದನ್ನು ನೋಡಿದಾಗ ಹೀಗೇ ಆಗಿತ್ತು, ಕಾಲ ಕೆಳಗಿನ ಬಂಡೆ ನಡುಗಿದ ಹಾಗೆ.

ಬಾಗಿಲಲ್ಲಿ ಯಾರೋ, ಯಾರು, ದೇವರಾಜು — ಕೊಪ್ಪದ ಆಲೆಮನೆಯವನು, ಹನ್ನೊಂದು ವರ್ಷದಿಂದ ಅವಳಿಗೆ ಬೆಲ್ಲ ಹಾಕುವವನು, ಇವನನ್ನು ಕರೆದವರಾರು, ಇವನ ಮೇಲೆ ಕೇಸಿಲ್ಲ, ಯಾವ ಕಾಗದದಲ್ಲೂ ಇವನ ಹೆಸರಿಲ್ಲ, ಚಪ್ಪಲಿ ಹೊರಗೆ ಬಿಟ್ಟು ಬಂದು ಗೋಡೆಗೆ ಒರಗಿ ನಿಂತ, ತಾಹೇರಕ್ಕ, ನಮ್ ಕೇಸು ಬಂತಾ, ಶ್ ಎಂದರು ವಕೀಲರು, ಬಂತು. ನ್ಯಾಯಮೂರ್ತಿಗಳು ಬೆರಳಚ್ಚುಗಾರರಿಗೆ ಹೇಳಿ ಬರೆಸುತ್ತಿದ್ದಾರೆ, ನಡುವೆ ಎಲ್ಲೋ ರುಮಾನಾ ಎಂಬ ಹೆಸರು, ಎಷ್ಟು ಮೆಲ್ಲಗೆ ಅನ್ನುತ್ತಾರೆ, ತೊಟ್ಟಿಲ ಮಗುವನ್ನು ಕರೆದ ಹಾಗೆ, ಆಮೇಲೆ ಕೃಷ್ಣಪ್ರಸಾದರು ಮೇಜು ಗುದ್ದಿದರು, ಆಯ್ತು ಕಣಮ್ಮ, ರದ್ದಾಯ್ತು, ಕಂಪನಿ ಮೇಲಿಂದು, ನಿಮ್ಮ ಮೇಲಿಂದು, ಎರಡೂ! ಅಳು ಬರಬೇಕಿತ್ತು, ಬರಲಿಲ್ಲ, ಏಕೆಂದರೆ ದೇವರಾಜು ಗೋಡೆ ಬಿಟ್ಟು ಮುಂದೆ ಬಂದು ಪರದೆಗೆ ಕೈ ಮುಗಿದು ನಿಂತಿದ್ದ. ಸ್ವಾಮಿ, ನಂದೊಂದ್ ಮಾತು. ಬಣ್ಣ ಆಕ್ದೋನು ನಾನು. ಈ ಅಕ್ಕುಂಗೆ ಗೊತ್ತಿಲ್ಲ. ಆ ವರ್ಸ ಕಬ್ಬು ನೀರಲ್ಲಿ ನಿಂತಿತ್ತು, ಬೆಲ್ಲ ಕಪ್ಗಾಯ್ತು, ಕೊಪ್ಪರಿಗೆಗೆ ಒಂದ್ ಚಿಟಿಕೆ ಆಕ್ಬುಟ್ಟೆ. ಲೇ, ಏನಯ್ಯ ಇದು, ವಕೀಲರು ಎದ್ದೇಬಿಟ್ಟರು, ನಮ್ಮ ಮಾತು ಅಲ್ಲಿಗೆ ಕೇಳ್ಸಲ್ಲ ಕಣಯ್ಯ, ನಾವು ಬರೀ ನೋಡೋದು, ಗೆದ್ದಾಯ್ತು, ನಡಿ ಆಚೆ. ಚೌಕದೊಳಗೆ ನ್ಯಾಯಮೂರ್ತಿಗಳು ಬೇರೆ ಕಡತ ಬಿಚ್ಚಿದ್ದಾರೆ, ದೇವರಾಜು ನಿಲ್ಲಿಸಲಿಲ್ಲ, ಕೇಳದಿದ್ರೆ ಬುಡ್ಲಿ ಸ್ವಾಮಿ, ಯೋಳ್ಬೇಕಿತ್ತು, ಯೋಳ್ತಿವ್ನಿ.

ಹಾಗಾದರೆ ಇತ್ತು, ಬಣ್ಣ ಇತ್ತು, ಶುಂಠಿಯ ಜೊತೆ, ರುಮಾನಾಳ ನಾಲಿಗೆಯ ಮೇಲೆ, ಅಲ್ಲಾ, ನನ್ನ ಕೈಯಾರೆ — ಇವನ ಕೊರಳಪಟ್ಟಿ ಹಿಡಿಯಬೇಕು, ಹಿಡಿಯಲು ಕೈ ಏಳುವುದಿಲ್ಲ, ತಪ್ಪಿಸಿಕೊಂಡವನು, ಯಾರೂ ಹುಡುಕದವನು, ಬೈಕು ಹತ್ತಿಕೊಂಡು ತಾನೇ ಬಂದು ಇಂಥದೊಂದು ಮಾತನ್ನು ಇಳಿಸುವುದೆಂದರೆ, ಇದೇನು ಮನುಷ್ಯ, ಮತ್ತೆ ಕಿವಿಯಲ್ಲಿ ಇನ್ನೊಂದು ದನಿ, ಯಾರದು, ತನ್ನದೇ, ಬೆಲ್ಲ ಕಪ್ಪಾದ ಆ ವಾರ ಫೋನಿನಲ್ಲಿ, ಕಪ್ಪು ಬೆಲ್ಲ ಯಾರ್ ತಗೊತಾರೆ ದೇವರಾಜು, ಬಂಗಾರದಂಗಿರ್ಬೇಕು, ಇಲ್ದಿದ್ರೆ ಬ್ಯಾಡ ಬುಡು, ಬೇರೆಯೋರ್ನ ನೋಡ್ಕತೀನಿ. ಅದನ್ನು ಅವನು ಹೇಳಲಿಲ್ಲ. ಎಲ್ಲವನ್ನೂ ಹೇಳಿದ, ನೀರು ನಿಂತದ್ದು, ಕೊಪ್ಪರಿಗೆ, ಚಿಟಿಕೆ, ಅದೊಂದನ್ನು ನುಂಗಿಕೊಂಡ, ಎರಡು ವರ್ಷ ನುಂಗಿಕೊಂಡೇ ಇದ್ದ, ಈಗಲೂ. ಕೂತ್ಕೊಳ್ಳಿ ತಾಹೇರಮ್ಮ, ನೀವೂ ಶುರು ಮಾಡಬೇಡಿ, ಎಂದರು ವಕೀಲರು, ಆದರೆ ಮೊಣಕಾಲು ಆಗಲೇ ಅವಳನ್ನು ಎತ್ತಿ ನಿಲ್ಲಿಸಿಬಿಟ್ಟಿದೆ, ಸೆರಗು ಬಾಯಿಂದ ಜಾರಿದೆ, ಕಪ್ಪು ಬೆಲ್ಲ ಬ್ಯಾಡ ಅಂದೋಳು ನಾನು ಸ್ವಾಮಿ, ಎಂದಳು, ಚೌಕದಲ್ಲಿ ಯಾರೂ ತಲೆ ಎತ್ತಲಿಲ್ಲ, ಅವನು ತಿರುಗಿಯೂ ನೋಡಲಿಲ್ಲ, ಮುಗಿದ ಕೈ ಹಾಗೇ ಇತ್ತು, ಕಬ್ಬಿನ ಹಾಲಿಗೆ ಹಾಕುವ ಸುಣ್ಣ ಸುಟ್ಟ ಗೆಣ್ಣುಗಳು, ಬೆರಳಿಗೆ ಬೆರಳು ಒತ್ತಿ ಬಿಳಿಚಿದ ಉಗುರು, ಕೇಳದವರ ಮುಂದೆ ಮುಗಿದ ಕೈ, ಆ ಕೈ —